ನುವರ ಎಲಿಯದ ಲೆಕ್ಕ: ಶೇ 41 ಮತಕ್ಕೆ ಎಂಟರಲ್ಲಿ ಐದು ಸೀಟು ಬಂದದ್ದು ಹೇಗೆ?

ಶ್ರೀಲಂಕಾದ ನುವರ ಎಲಿಯ ಜಿಲ್ಲೆಯಲ್ಲಿ 2024ರ ಸೆಪ್ಟೆಂಬರ್ 21ರಂದು ಅಧ್ಯಕ್ಷ ಚುನಾವಣೆ ನಡೆದಾಗ ಅನುರ ಕುಮಾರ ದಿಸ್ಸನಾಯಕೆ ಇಲ್ಲಿ ಮೂರನೇ ಸ್ಥಾನದಲ್ಲಿದ್ದರು (ಇಡೀ ದೇಶದ ಲೆಕ್ಕದಲ್ಲಿ ಗೆದ್ದವರು ಅವರೇ). ಅವರಿಗೆ ಸಿಕ್ಕಿದ್ದು ಸುಮಾರು ಶೇ 22 ಮತ. ಸಜಿತ್ ಪ್ರೇಮದಾಸ ಮೊದಲಿಗರು, ರನಿಲ್ ವಿಕ್ರಮಸಿಂಘೆ ಎರಡನೆಯವರು. ಅದೇ ವರ್ಷದ ನವೆಂಬರ್ 14ರಂದು ಸಂಸತ್ತಿಗೆ ಮತದಾನವಾಯಿತು. ಈ ಸಲ ದಿಸ್ಸನಾಯಕೆ ಅವರ ಮೈತ್ರಿಕೂಟ ಎನ್‌ಪಿಪಿ (ನ್ಯಾಷನಲ್ ಪೀಪಲ್ಸ್ ಪವರ್) ಅದೇ ಜಿಲ್ಲೆಯ ಎಂಟು ಸೀಟುಗಳಲ್ಲಿ ಐದನ್ನು ಬಾಚಿಕೊಂಡಿತು. ನಡುವೆ ಇದ್ದದ್ದು 54 ದಿನ.

ಜಿಲ್ಲೆಯ ಜನಸಂಖ್ಯೆಯಲ್ಲಿ ಅರ್ಧಕ್ಕಿಂತ ಹೆಚ್ಚು ಮಂದಿ ಟೀ ತೋಟಗಳ ತಮಿಳರು, ಬ್ರಿಟಿಷರ ಕಾಲದಲ್ಲಿ ತೋಟದ ಕೂಲಿಗೆ ಭಾರತದಿಂದ ಬಂದವರ ವಂಶದವರು. 2012ರ ಜನಗಣತಿಯ ಪ್ರಕಾರ ಶೇ 53. ಹಾಗಾಗಿ ಫಲಿತಾಂಶ ಬಂದ ಕೂಡಲೇ ಎರಡು ಬಗೆಯ ಶೀರ್ಷಿಕೆ ಓಡಾಡಿದವು. ‘ಮಲೆನಾಡಿನ ತಮಿಳರು ತೊಂಡಮಾನ್ ಮನೆತನಕ್ಕೆ ವಿದಾಯ ಹೇಳಿದರು’ ಎಂದಿತು ಒಂದು (ತಲೆಮಾರುಗಳಿಂದ ತೋಟದ ಕಾರ್ಮಿಕರ ನಾಯಕತ್ವ ಹೊತ್ತ ಮನೆತನ ಅದು). ‘ಜನಾಂಗೀಯ ರಾಜಕಾರಣ ಮುಗಿಯಿತು’ ಎಂದಿತು ಇನ್ನೊಂದು. ಎರಡರಲ್ಲೂ ಅರ್ಧ ಸತ್ಯವಿದೆ. ಆದರೆ ಈ ಗುಡ್ಡಗಾಡಿನಲ್ಲಿ ಯಾರು ಗೆಲ್ಲುತ್ತಾರೆ ಎನ್ನುವುದನ್ನು ಮತದಾರರ ಮನಸ್ಸಿನಷ್ಟೇ, ಕೆಲವೊಮ್ಮೆ ಅದಕ್ಕಿಂತ ಹೆಚ್ಚಾಗಿ, ಇನ್ನೂ ಮೂರು ಸಂಗತಿಗಳು ತೀರ್ಮಾನಿಸುತ್ತ ಬಂದಿವೆ. ಮತದಾರ ಎಂದು ಯಾರನ್ನು ಎಣಿಸಿದರು, ಗಡಿಗೆರೆಯನ್ನು ಎಲ್ಲಿ ಎಳೆದರು, ಮತಗಳನ್ನು ಸೀಟಾಗಿ ಹೇಗೆ ಪರಿವರ್ತಿಸಿದರು. ಎಪ್ಪತ್ತೇಳು ವರ್ಷಗಳ ಕತೆ ಇದನ್ನೇ ಹೇಳುತ್ತದೆ.

‘ಕ್ಷೇತ್ರ’ ಅಂದರೆ ಇಲ್ಲಿ ಯಾವುದು?

ನಮ್ಮಲ್ಲಿ ಒಂದು ಲೋಕಸಭಾ ಕ್ಷೇತ್ರಕ್ಕೆ ಒಬ್ಬ ಸಂಸದ. ಶ್ರೀಲಂಕಾದಲ್ಲಿ ಈಗ ಹಾಗಿಲ್ಲ. 225 ಸದಸ್ಯರ ಸಂಸತ್ತಿನಲ್ಲಿ 196 ಮಂದಿ 22 ಚುನಾವಣಾ ಜಿಲ್ಲೆಗಳಿಂದ ಬರುತ್ತಾರೆ. ಉಳಿದ 29 ಮಂದಿ ಪಕ್ಷಗಳ ರಾಷ್ಟ್ರೀಯ ಪಟ್ಟಿಯವರು. ನುವರ ಎಲಿಯ ಜಿಲ್ಲೆ ಎಂಟು ಸೀಟುಗಳ ಒಂದೇ ದೊಡ್ಡ ಕ್ಷೇತ್ರ. ಅದರೊಳಗೆ ನುವರ ಎಲಿಯ–ಮಸ್ಕೆಲಿಯ, ಕೊತ್ಮಲೆ, ಹಂಗುರಂಕೆತ, ವಲಪನೆ ಎಂಬ ನಾಲ್ಕು ಮತದಾನ ವಿಭಾಗಗಳಿವೆ. ಇವು ಹಳೆಯ ಕ್ಷೇತ್ರಗಳ ಹೆಸರುಗಳು. ಈಗ ಅವು ಎಣಿಕೆಯ ಅನುಕೂಲಕ್ಕಷ್ಟೇ ಉಳಿದಿವೆ.

ನಾಲ್ಕರಲ್ಲಿ ನುವರ ಎಲಿಯ–ಮಸ್ಕೆಲಿಯ ವಿಭಾಗ ಬೇರೆಯದೇ ಗಾತ್ರದ್ದು. ಅದೊಂದರಲ್ಲೇ ಮೂರು ಲಕ್ಷಕ್ಕೂ ಹೆಚ್ಚು ಮತದಾರರಿದ್ದಾರೆ, ಅಂದರೆ ಜಿಲ್ಲೆಯ ಅರ್ಧಕ್ಕಿಂತ ಹೆಚ್ಚು. ಹಟ್ಟನ್, ತಲವಾಕೆಲೆ, ಮಸ್ಕೆಲಿಯ ಸುತ್ತಲಿನ ತೋಟಗಳೆಲ್ಲ ಇದರಲ್ಲೇ ಬರುತ್ತವೆ. ಉಳಿದ ಮೂರು ವಿಭಾಗಗಳಲ್ಲಿ ಸಿಂಹಳ ರೈತರ ಹಳ್ಳಿಗಳು ಹೆಚ್ಚು. ಒಂದು ವಿಭಾಗ ಇಷ್ಟು ಊದಿಕೊಂಡದ್ದು ಯಾಕೆ ಎಂದು ಕೇಳಿದರೆ ಇಡೀ ಚರಿತ್ರೆ ಬಿಚ್ಚಿಕೊಳ್ಳುತ್ತದೆ.

1947: ಮೊದಲ ಮತ, ಮೊದಲ ಗೆಲುವು

ಶ್ರೀಲಂಕಾಕ್ಕೆ ವಯಸ್ಕ ಮತಾಧಿಕಾರ ಬಂದದ್ದು 1931ರಲ್ಲಿ, ಭಾರತಕ್ಕಿಂತ ಎರಡು ದಶಕ ಮೊದಲು. ತೋಟದ ಕೂಲಿಗಳಿಗೆ ವಾಸದ ಷರತ್ತುಗಳ ತೊಡಕಿತ್ತು. ಆದರೂ ಹಟ್ಟನ್‌ನಿಂದ 1931ರಲ್ಲಿ ಪೆರಿ ಸುಂದರಂ, 1936ರಲ್ಲಿ ಕಾರ್ಮಿಕ ನಾಯಕ ನಟೇಶ ಅಯ್ಯರ್ ಸ್ಟೇಟ್ ಕೌನ್ಸಿಲ್‌ಗೆ, ಅಂದರೆ ಆಗಿನ ಶಾಸನಸಭೆಗೆ, ಹೋದರು. 1939ರಲ್ಲಿ ನೆಹರೂ ಭೇಟಿಯ ಬೆನ್ನಿಗೇ ಸಿಲೋನ್ ಇಂಡಿಯನ್ ಕಾಂಗ್ರೆಸ್ ಹುಟ್ಟಿತು (ಸಿಲೋನ್ ಎಂಬುದು ಶ್ರೀಲಂಕಾದ ಆಗಿನ ಹೆಸರು).

ಸ್ವಾತಂತ್ರ್ಯದ ಹೊಸ್ತಿಲಲ್ಲಿ, 1947ರಲ್ಲಿ, ಚುನಾವಣೆ ನಡೆದಾಗ ಈ ಪಕ್ಷ ತೋಟದ ಸೀಮೆಯ ಸೀಟುಗಳನ್ನು ಸಾಲಾಗಿ ಗೆದ್ದಿತು. ನುವರ ಎಲಿಯದಿಂದ ಸೌಮಿಯಮೂರ್ತಿ ತೊಂಡಮಾನ್, ತಲವಾಕೆಲೆಯಿಂದ ಸಿ.ವಿ. ವೇಲುಪಿಳ್ಳೈ, ನಾವಲಪಿಟಿಯದಿಂದ ಕೆ. ರಾಜಲಿಂಗಂ ಆಯ್ಕೆಯಾದರು. (ತೊಂಡಮಾನ್ ಕೂಲಿಗಳ ನಾಯಕರಾದರೂ ಸ್ವತಃ ತೋಟದ ಮಾಲೀಕರ ಮಗ. ಈ ವಿರೋಧಾಭಾಸ ಆ ಮನೆತನವನ್ನು ಇವತ್ತಿಗೂ ಬಿಟ್ಟಿಲ್ಲ.) ತಮ್ಮ ಅಭ್ಯರ್ಥಿ ಇಲ್ಲದ ಕಡೆ ತೋಟದ ಮತಗಳು ಎಡಪಕ್ಷಗಳಿಗೆ ಬಿದ್ದವು. ಪ್ರಧಾನಿ ಡಿ.ಎಸ್. ಸೇನಾನಾಯಕೆ ಅವರ ಯುಎನ್‌ಪಿಗೆ (ಯುನೈಟೆಡ್ ನ್ಯಾಷನಲ್ ಪಾರ್ಟಿ) ಸ್ಪಷ್ಟ ಬಹುಮತ ಸಿಗಲಿಲ್ಲ.

ಮುಂದೆ ಆದದ್ದಕ್ಕೆ ಕಾರಣ ಇಲ್ಲಿದೆ. ಆಳುವವರ ಕಣ್ಣಿಗೆ ತೋಟದ ಕೂಲಿ ಏಕಕಾಲಕ್ಕೆ ಎರಡು ಅಪಾಯವಾಗಿ ಕಂಡ. ಒಂದು, ಎಡಪಂಥದ ಮತಪೆಟ್ಟಿಗೆ. ಇನ್ನೊಂದು, ಕ್ಯಾಂಡಿಯ ಸಿಂಹಳರ ನೆಲದಲ್ಲಿ ಬಂದು ಕೂತ ಹೊರಗಿನವ.

ಓಟು ಹೋಯಿತು, ಸೀಟು ಉಳಿಯಿತು

1948ರ ಪೌರತ್ವ ಕಾಯ್ದೆ ಮೇಲ್ನೋಟಕ್ಕೆ ಯಾರ ಹೆಸರನ್ನೂ ಎತ್ತಲಿಲ್ಲ. ಪೌರನಾಗಲು ತಂದೆ ಸಿಲೋನಿನಲ್ಲೇ ಹುಟ್ಟಿರಬೇಕು, ಇಲ್ಲವೇ ತಂದೆಯ ಕಡೆಯ ಅಜ್ಜ ಮತ್ತು ಮುತ್ತಜ್ಜ ಇಬ್ಬರೂ ಅಲ್ಲಿ ಹುಟ್ಟಿರಬೇಕು ಎಂದಿತು, ಅಷ್ಟೆ. ತೋಟದ ಲೈನ್ ಮನೆಯಲ್ಲಿ ಹುಟ್ಟಿದವನ ಜನನ ದಾಖಲೆಯೇ ಇಲ್ಲದಿರುವಾಗ ಅವನ ಮುತ್ತಜ್ಜನ ದಾಖಲೆ ಎಲ್ಲಿಂದ ಬರಬೇಕು? 1949ರಲ್ಲಿ ಭಾರತೀಯ ಮತ್ತು ಪಾಕಿಸ್ತಾನಿ ನಿವಾಸಿಗಳ ಪೌರತ್ವಕ್ಕೆಂದು ಇನ್ನೊಂದು ಕಾಯ್ದೆ ಬಂತು. ಅದರ ಪ್ರಕಾರ 1946ರ ಜನವರಿಗೆ ಮುಂಚೆ ವಿವಾಹಿತರು ಏಳು ವರ್ಷ, ಅವಿವಾಹಿತರು ಹತ್ತು ವರ್ಷ ನಿರಂತರವಾಗಿ ಅಲ್ಲೇ ವಾಸವಿದ್ದುದನ್ನು ಎರಡು ವರ್ಷದೊಳಗೆ ಅರ್ಜಿ ಹಾಕಿ ರುಜುವಾತು ಮಾಡಬೇಕಿತ್ತು. ಅದೇ ವರ್ಷ ಚುನಾವಣಾ ಕಾನೂನಿಗೂ ತಿದ್ದುಪಡಿಯಾಗಿ, ಪೌರನಲ್ಲದವನಿಗೆ ಮತವಿಲ್ಲ ಎಂದಾಯಿತು. ಮೂರು ಕಾನೂನು ಒಂದರ ಮೇಲೊಂದು ಬಿದ್ದಾಗ ತೋಟದ ಜನ ಮತದಾರರ ಪಟ್ಟಿಯಿಂದಲೇ ಮಾಯವಾದರು. ಸುಮಾರು 8 ಲಕ್ಷ ಮಂದಿಯ ಪರವಾಗಿ ಅರ್ಜಿ ಬಂದಿದ್ದರೂ 1964ರ ಹೊತ್ತಿಗೆ ಪೌರತ್ವ ಸಿಕ್ಕಿದ್ದು ಸುಮಾರು 1.34 ಲಕ್ಷ ಮಂದಿಗೆ.

ಉತ್ತರದ ತಮಿಳು ರಾಜಕಾರಣವೂ ಇದೇ ಪ್ರಶ್ನೆಯ ಮೇಲೆ ಒಡೆಯಿತು. ತಮಿಳ್ ಕಾಂಗ್ರೆಸ್ಸಿನ ನಾಯಕ ಜಿ.ಜಿ. ಪೊನ್ನಂಬಲಂ ಸೇನಾನಾಯಕೆ ಸಂಪುಟ ಸೇರಿದರು. ಎಸ್.ಜೆ.ವಿ. ಚೆಲ್ವನಾಯಕಂ ಹೊರಬಂದು 1949ರ ಡಿಸೆಂಬರಿನಲ್ಲಿ ಫೆಡರಲ್ ಪಕ್ಷ ಕಟ್ಟಿದರು.

ನ್ಯಾಯಾಲಯದ ಬಾಗಿಲನ್ನೂ ತಟ್ಟಿದ್ದಾಯಿತು. ಯಾವುದೇ ಸಮುದಾಯಕ್ಕೆ ಮಾತ್ರ ಅನ್ವಯಿಸುವಂತೆ ನಿರ್ಬಂಧ ಹೇರಬಾರದು ಎಂದು ದೇಶದ ಆಗಿನ ಸೋಲ್ಬರಿ ಸಂವಿಧಾನದ 29ನೇ ವಿಧಿ ಹೇಳುತ್ತಿತ್ತು. ಕೊಡಕ್ಕನ್ ಪಿಳ್ಳೈ ಪ್ರಕರಣ ಆಗಿನ ಕೊನೆಯ ಮೇಲ್ಮನವಿ ನ್ಯಾಯಾಲಯವಾದ ಲಂಡನ್ನಿನ ಪ್ರಿವಿ ಕೌನ್ಸಿಲ್‌ವರೆಗೆ ಹೋಯಿತು. ಯಾರು ಪೌರರು ಎಂದು ನಿರ್ಧರಿಸುವುದು ಸಂಸತ್ತಿನ ಸಹಜ ಅಧಿಕಾರ ಎಂದು 1953ರಲ್ಲಿ ಅದು ಕಾನೂನನ್ನು ಎತ್ತಿಹಿಡಿಯಿತು.

ಈಗ ಈ ಕತೆಯ ಅತಿ ವಿಚಿತ್ರ ಭಾಗಕ್ಕೆ ಬರೋಣ. ಸೀಟು ಹಂಚಿದ್ದು 75 ಸಾವಿರ ಜನಕ್ಕೊಂದು ಎಂಬ ಸೂತ್ರದ ಮೇಲೆ, ಜೊತೆಗೆ ಸಾವಿರ ಚದರ ಮೈಲಿಗೊಂದು ಹೆಚ್ಚುವರಿ. ಸೂತ್ರದಲ್ಲಿದ್ದದ್ದು ‘ಜನ’, ‘ಮತದಾರ’ ಅಲ್ಲ. ಹಾಗಾಗಿ ತೋಟದ ಕೂಲಿಯ ತಲೆ ಸೀಟು ತರಲು ಲೆಕ್ಕಕ್ಕೆ ಬಂತು. ಆ ಸೀಟಿಗೆ ಮತ ಹಾಕಲು ಮಾತ್ರ ಬರಲಿಲ್ಲ. 1952ರಲ್ಲಿ ತಲವಾಕೆಲೆಯಂಥ ಕ್ಷೇತ್ರದಲ್ಲಿ ಮತದಾರರ ಸಂಖ್ಯೆ ಕೆಲವೇ ಸಾವಿರಕ್ಕೆ ಕುಸಿಯಿತು. ಬೇರೆ ಕಡೆ ಹತ್ತಾರು ಸಾವಿರ ಮಂದಿ ಸೇರಿ ಒಬ್ಬ ಸಂಸದನನ್ನು ಕಳಿಸುತ್ತಿದ್ದಾಗ ಇಲ್ಲಿ ಒಂದಷ್ಟು ಹಳ್ಳಿಗಳು, ಪೇಟೆಯ ಅಂಗಡಿ ಸಾಲು ಸೇರಿದರೆ ಸಾಕಾಗುತ್ತಿತ್ತು. ಓಟಿಲ್ಲದವರ ಸಂಖ್ಯೆಯ ಬಲ ಪಕ್ಕದ ಹಳ್ಳಿಯವರ ಓಟಿನ ತೂಕವಾಯಿತು. ಅಲ್ಲಿಂದ 1977ರವರೆಗೆ ತೋಟದ ತಮಿಳರೊಬ್ಬರೂ ಚುನಾವಣೆಯಲ್ಲಿ ಗೆದ್ದು ಸಂಸತ್ತಿಗೆ ಹೋಗಲಿಲ್ಲ. ತೊಂಡಮಾನ್ 1960ರಲ್ಲೂ 1965ರಲ್ಲೂ ಒಳಗೆ ಹೋದದ್ದು ನಾಮನಿರ್ದೇಶಿತ ಸದಸ್ಯರಾಗಿ. ಒಂದು ಸಲ ಎಸ್‌ಎಲ್‌ಎಫ್‌ಪಿ (ಶ್ರೀಲಂಕಾ ಫ್ರೀಡಂ ಪಾರ್ಟಿ) ಕೃಪೆ, ಇನ್ನೊಂದು ಸಲ ಯುಎನ್‌ಪಿ ಕೃಪೆ.

ಹಡಗಿನ ಲೆಕ್ಕ, ಸುಳ್ಯದ ಕೊಂಡಿ

1964ರ ಅಕ್ಟೋಬರ್ 30ರಂದು ಲಾಲ್ ಬಹದ್ದೂರ್ ಶಾಸ್ತ್ರಿ ಮತ್ತು ಸಿಲೋನಿನ ಪ್ರಧಾನಿ ಸಿರಿಮಾವೋ ಬಂಡಾರನಾಯಕೆ ಒಪ್ಪಂದಕ್ಕೆ ಸಹಿ ಹಾಕಿದರು. ಪೌರತ್ವವಿಲ್ಲದ 9.75 ಲಕ್ಷ ಮಂದಿಯಲ್ಲಿ 5.25 ಲಕ್ಷ ಭಾರತಕ್ಕೆ, 3 ಲಕ್ಷ ಸಿಲೋನಿಗೆ. ಮಿಕ್ಕ 1.5 ಲಕ್ಷದ ಮಾತು ಆಮೇಲೆ. ಅದನ್ನು 1974ರಲ್ಲಿ ಇಂದಿರಾ ಗಾಂಧಿ ಮತ್ತು ಸಿರಿಮಾವೋ ಅರ್ಧರ್ಧ ಹಂಚಿಕೊಂಡರು. ಯಾರ ಬದುಕನ್ನು ಹೀಗೆ ಪಾಲು ಮಾಡಲಾಯಿತೋ ಅವರ ನಾಯಕರನ್ನು ಯಾರೂ ಕೇಳಲಿಲ್ಲ.

ಹಾಗೆ ತಲೈಮನ್ನಾರಿನಿಂದ ರಾಮೇಶ್ವರಕ್ಕೆ ಹಡಗೇರಿ ಬಂದವರಲ್ಲಿ ಬಹುಪಾಲು ಮಂದಿ ತಮಿಳುನಾಡಿನಲ್ಲಿ, ಅದರಲ್ಲೂ ನೀಲಗಿರಿಯಲ್ಲಿ ನೆಲೆಯಾದರು. ಒಂದು ಪಾಲು ದಕ್ಷಿಣ ಕನ್ನಡಕ್ಕೂ ಬಂತು. ಸುಳ್ಯ, ಪುತ್ತೂರು ಕಡೆಯ ಅರಣ್ಯ ಅಭಿವೃದ್ಧಿ ನಿಗಮದ ರಬ್ಬರ್ ತೋಟಗಳಲ್ಲಿ ಟ್ಯಾಪಿಂಗ್ ಮಾಡುವ ತಮಿಳು ಕುಟುಂಬಗಳ ಹಿರಿಯರು ಹೀಗೆ ಬಂದವರೇ. ಟೀ ಕೊಯ್ಯುತ್ತಿದ್ದ ಕೈಗೆ ರಬ್ಬರ್ ಕತ್ತಿ ಬಂತು.

1984ರಲ್ಲಿ ಯುದ್ಧದಿಂದಾಗಿ ಹಡಗು ನಿಂತಿತು. ಉಳಿದವರು ಅಲ್ಲೇ ಉಳಿದರು. ಪೌರತ್ವ ಕಾನೂನುಗಳು 1986, 1988, ಕೊನೆಗೆ 2003ರಲ್ಲಿ ಕಂತು ಕಂತಾಗಿ ಬಂದವು. ಕೊನೆಯ ಕಾಯ್ದೆಯ ಹೊತ್ತಿಗೂ ಸುಮಾರು 1.68 ಲಕ್ಷ ಮಂದಿ ಯಾವ ದೇಶದವರೂ ಆಗಿರಲಿಲ್ಲ. ಅಂದರೆ ಈ ಜಿಲ್ಲೆಯ ಮತದಾರರ ಪಟ್ಟಿ ಐವತ್ತು ವರ್ಷಗಳಲ್ಲಿ ಒಮ್ಮೆ ಬರಿದಾಗಿ, ಮತ್ತೆ ನಿಧಾನಕ್ಕೆ ತುಂಬಿದ ಪಟ್ಟಿ. ಇಲ್ಲಿ ಯಾವುದೇ ಪಕ್ಷದ ‘ಏಳು–ಬೀಳು’ ಹೇಳುವಾಗ ಕೆಳಗಿನ ನೆಲವೇ ಅಲುಗಾಡುತ್ತಿತ್ತು ಎಂಬುದು ನೆನಪಿರಬೇಕು.

1977: ಒಂದೇ ಕ್ಷೇತ್ರ, ಮೂವರು ಸಂಸದರು

1976ರ ಗಡಿ ನಿರ್ಣಯ ಆಯೋಗ ನುವರ ಎಲಿಯ ಮತ್ತು ಮಸ್ಕೆಲಿಯವನ್ನು ಕೂಡಿಸಿ ಮೂವರು ಸದಸ್ಯರ ಕ್ಷೇತ್ರ ಮಾಡಿತು. ಮೇಲೆ ಹೇಳಿದ ಆ ಊದಿದ ವಿಭಾಗದ ಹುಟ್ಟು ಇದೇ. ಕಾರಣ ಸರಳ. ತೋಟದ ತಮಿಳರಲ್ಲಿ ಪೌರತ್ವ ಪಡೆದವರು ಆಗಿನ್ನೂ ಕಡಿಮೆ. ಒಬ್ಬನೇ ಗೆಲ್ಲುವ ಕ್ಷೇತ್ರದಲ್ಲಿ ಅವರಿಗೆ ಗೆಲುವಿಲ್ಲ. ಮೂವರು ಗೆಲ್ಲುವ ಕ್ಷೇತ್ರವಾದರೆ ಮೂರನೆಯ ಸ್ಥಾನವಾದರೂ ದಕ್ಕೀತು.

ಇದರಲ್ಲೊಂದು ಸೂಕ್ಷ್ಮವಿತ್ತು. ಮತದಾರನಿಗೆ ಮೂರು ಮತ. ಮೂವರಿಗೆ ಒಂದೊಂದು ಕೊಡಬಹುದು, ಬೇಕಾದರೆ ಮೂರನ್ನೂ ಒಬ್ಬನಿಗೇ ಸುರಿಯಬಹುದು. ಚದುರಿದ ಬಹುಸಂಖ್ಯಾತರಿಗಿಂತ ಒಗ್ಗಟ್ಟಾದ ಅಲ್ಪಸಂಖ್ಯಾತರಿಗೆ ಇದು ಲಾಭದ ವ್ಯವಸ್ಥೆ. ಭಾರತದಲ್ಲೂ 1952 ಮತ್ತು 1957ರ ಚುನಾವಣೆಗಳಲ್ಲಿ ದ್ವಿಸದಸ್ಯ ಕ್ಷೇತ್ರಗಳಿದ್ದವು. ಆದರೆ ಒಬ್ಬನಿಗೇ ಎರಡು ಮತ ಸುರಿಯುವ ಅವಕಾಶ ನಮ್ಮಲ್ಲಿರಲಿಲ್ಲ.

ಲೆಕ್ಕ ಹಾಕಿದಂತೆಯೇ ಆಯಿತು. ಯುಎನ್‌ಪಿಯ ಗಾಮಿನಿ ದಿಸ್ಸನಾಯಕೆ ಮೊದಲಿಗರು, ಎಸ್‌ಎಲ್‌ಎಫ್‌ಪಿಯ ಅನುರ ಬಂಡಾರನಾಯಕೆ ಎರಡನೆಯವರು, ತೋಟದ ಕಾರ್ಮಿಕರ ಪಕ್ಷವಾದ ಸಿಲೋನ್ ವರ್ಕರ್ಸ್ ಕಾಂಗ್ರೆಸ್ಸಿನ ತೊಂಡಮಾನ್ ಮೂರನೆಯವರು. ಯುಎನ್‌ಪಿ ಅಲೆಯಲ್ಲಿ ದೇಶವೆಲ್ಲ ಕೊಚ್ಚಿಹೋಗಿ, 168 ಸೀಟುಗಳಲ್ಲಿ 140 ಒಂದೇ ಪಕ್ಷಕ್ಕೆ ಬಿದ್ದ ವರ್ಷ ಅದು. ಸಿರಿಮಾವೋ ಅವರ ಮಗ ಅನುರ ಆ ಅಲೆಯನ್ನು ದಾಟಿದ್ದು ಈ ಬಹುಸದಸ್ಯ ಕ್ಷೇತ್ರದ ಎರಡನೇ ಸ್ಥಾನದಿಂದ. ಮುಂದೆ 1983ರಲ್ಲಿ ಅವರೇ ವಿರೋಧ ಪಕ್ಷದ ನಾಯಕರಾದರು. ತೊಂಡಮಾನ್ 1978ರಲ್ಲಿ ಯುಎನ್‌ಪಿಯ ಜಯವರ್ಧನೆ ಸಂಪುಟ ಸೇರಿದರು. ಉತ್ತರದ ತಮಿಳು ನಾಯಕರು ಪ್ರತ್ಯೇಕ ರಾಷ್ಟ್ರ ಎನ್ನುತ್ತಿದ್ದ ಹೊತ್ತಿನಲ್ಲಿ ಅವರು ಆ ದಾರಿಯಿಂದ ದೂರ ಸರಿದು ಸರ್ಕಾರದ ಒಳಗೆ ಕೂತು ಪೌರತ್ವವನ್ನು ಕಂತಿನಲ್ಲಿ ವಸೂಲು ಮಾಡುವ ದಾರಿ ಹಿಡಿದರು.

ಚೌಕಾಸಿಯ ದಶಕಗಳು

1978ರ ಸಂವಿಧಾನ ಕ್ಷೇತ್ರಗಳನ್ನು ತೆಗೆದು ಜಿಲ್ಲಾವಾರು ಪ್ರಮಾಣಾನುಗುಣ ಪದ್ಧತಿ ತಂದಿತು. ಸಂಸತ್ತಿಗೆ ಅದು ಮೊದಲು ಬಳಕೆಯಾದದ್ದು 1989ರಲ್ಲಿ. ಮತದಾರ ಮೊದಲು ಪಕ್ಷಕ್ಕೆ ಗುರುತು ಹಾಕುತ್ತಾನೆ, ನಂತರ ಆ ಪಕ್ಷದ ಪಟ್ಟಿಯಲ್ಲಿ ಮೂವರವರೆಗೆ ‘ಮನಾಪೆ’, ಅಂದರೆ ಆದ್ಯತೆಯ ಮತ, ಕೊಡುತ್ತಾನೆ. ಇದು ತೋಟದ ಪಕ್ಷಗಳಿಗೆ ಹೇಳಿ ಮಾಡಿಸಿದ ಹಾಗಿತ್ತು. ದೊಡ್ಡ ಪಕ್ಷದ ಪಟ್ಟಿಯಲ್ಲಿ ಇಬ್ಬರೋ ಮೂವರೋ ಅಭ್ಯರ್ಥಿಗಳನ್ನು ಸೇರಿಸಿ, ತೋಟದ ಮನಾಪೆ ಮತಗಳನ್ನೆಲ್ಲ ಅವರಿಗೇ ಬೀಳಿಸಿದರೆ ಸಾಕು. ಪಟ್ಟಿಯ ಮೇಲಿನ ಸ್ಥಾನಗಳು ಅವರವೇ.

ಚೌಕಾಸಿಯ ಬೆಲೆ ಏನೆಂದು 1994 ತೋರಿಸಿತು. ಚಂದ್ರಿಕಾ ಕುಮಾರತುಂಗ ಅವರ ಮೈತ್ರಿಕೂಟಕ್ಕೆ 105 ಸೀಟು, ಮುಸ್ಲಿಂ ಕಾಂಗ್ರೆಸ್ಸಿನ 7 ಸೇರಿದರೆ 112. ಬಹುಮತಕ್ಕೆ ಬೇಕಾದದ್ದು 113. ಆ ಒಂದು ಸೀಟು ಬಂದದ್ದು ನುವರ ಎಲಿಯದಿಂದ. ಸ್ವತಂತ್ರ ಗುಂಪಿನಿಂದ ಗೆದ್ದಿದ್ದ ಮಲೈಯಗ ಮಕ್ಕಳ್ ಮುನ್ನಣಿಯ (ಮಲೆನಾಡ ಜನರ ರಂಗ) ಪಿ. ಚಂದ್ರಶೇಖರನ್ ಕೈ ಎತ್ತಿದ್ದರಿಂದ ಹದಿನೇಳು ವರ್ಷಗಳ ಯುಎನ್‌ಪಿ ಆಳ್ವಿಕೆ ಮುಗಿಯಿತು.

ಬೆಲೆ ತೆತ್ತದ್ದೂ ಇದೆ. ತೊಂಡಮಾನರ ಪಕ್ಷದ ಸ್ವಂತ ಗುರುತು ಹುಂಜ. ಆದರೆ ಸಂಸತ್ ಚುನಾವಣೆಯಲ್ಲಿ ತೋಟದ ಮತದಾರ ಹುಂಜಕ್ಕೆ ಗುರುತು ಹಾಕಿದ್ದು ಅಪರೂಪ. ಒಮ್ಮೆ ಯುಎನ್‌ಪಿಯ ಆನೆ, ಒಮ್ಮೆ ವೀಳ್ಯದೆಲೆ, 2020ರಲ್ಲಿ ರಾಜಪಕ್ಸೆಗಳ ತಾವರೆ ಮೊಗ್ಗು, 2024ರಲ್ಲಿ ಮತ್ತೆ ಆನೆ. ತೋಟದ ತಮಿಳರದೇ ಇನ್ನೊಂದು ಬಣದ ನಾಯಕರಾದ ದಿಗಂಬರಂ ಮತ್ತು ರಾಧಾಕೃಷ್ಣನ್ ಅವರ ಬೆನ್ನಿಗೆ ನಿಂತವರು ಸಜಿತ್ ಪ್ರೇಮದಾಸರ ಪಕ್ಷ ಎಸ್‌ಜೆಬಿಯ ದೂರವಾಣಿಗೆ ಹಾಕಬೇಕು. ಅಜ್ಜ, ಮೊಮ್ಮಗ ಅರುಮುಗಂ, ಮರಿಮಗ ಜೀವನ್ ಎಂದು ಮನೆತನ ಮುಂದುವರಿಯಿತು. ಗುರುತು ಮಾತ್ರ ಪ್ರತಿ ಸಲ ಬೇರೆ. ಹೀಗೆ ಎಲ್ಲ ಗುರುತಿಗೂ ಒಗ್ಗಿಹೋದ ಕೈ ಎನ್‌ಪಿಪಿಯ ದಿಕ್ಸೂಚಿಯ ಗುರುತಿಗೆ ಹೋಗುವುದು ಹೊರಗಿನವರು ಅಂದುಕೊಂಡಷ್ಟು ದೊಡ್ಡ ಜಿಗಿತವೇನೂ ಅಲ್ಲ.

2024ರ ಅಂಕಗಣಿತ

ಈಗ ಶೀರ್ಷಿಕೆಯ ಪ್ರಶ್ನೆಗೆ ಬರೋಣ. ಅಂಕಿಗಳನ್ನು ಸಮೀಪದ ನೂರಕ್ಕೆ ಇಳಿಸಿ ನೋಡೋಣ. ಎನ್‌ಪಿಪಿಗೆ 1,61,200 ಮತ, ಅಂದರೆ ಶೇ 41ಕ್ಕಿಂತ ತುಸು ಹೆಚ್ಚು. ಎಸ್‌ಜೆಬಿಗೆ 1,01,600. ಜೀವನ್ ತೊಂಡಮಾನ್ ಇದ್ದ ಯುಎನ್‌ಪಿ ಪಟ್ಟಿಗೆ 64,700. ಉಳಿದ ಸುಮಾರು 60 ಸಾವಿರ ಮತಗಳು ಸಣ್ಣ ಪಕ್ಷಗಳಿಗೂ ಸ್ವತಂತ್ರ ಗುಂಪುಗಳಿಗೂ ಹಂಚಿಹೋದವು.

ನಿಯಮ ಹೀಗಿದೆ. ಜಿಲ್ಲೆಯಲ್ಲಿ ಶೇ 5 ದಾಟದವರ ಮತವನ್ನು ಮೊದಲು ಬದಿಗಿಡುತ್ತಾರೆ. ಅಲ್ಲಿಗೆ ಆ 60 ಸಾವಿರ ಹೋಯಿತು. ಮೊದಲ ಸ್ಥಾನದ ಪಕ್ಷಕ್ಕೆ ಒಂದು ಬೋನಸ್ ಸೀಟು ಕೊಡುತ್ತಾರೆ. ಎಂಟರಲ್ಲಿ ಉಳಿದದ್ದು ಏಳು. ಮೂರು ಪಕ್ಷಗಳ ಒಟ್ಟು 3,27,500 ಮತವನ್ನು ಏಳರಿಂದ ಭಾಗಿಸಿದರೆ ಒಂದು ಸೀಟಿನ ಬೆಲೆ ಸುಮಾರು 46,800 ಮತ.

ಎನ್‌ಪಿಪಿ ಮತದಲ್ಲಿ ಈ ಬೆಲೆ ಮೂರು ಸಲ ಹೋಗುತ್ತದೆ, ಶೇಷ 20,800. ಎಸ್‌ಜೆಬಿಯಲ್ಲಿ ಎರಡು ಸಲ, ಶೇಷ 8,000. ಯುಎನ್‌ಪಿಯಲ್ಲಿ ಒಂದು ಸಲ, ಶೇಷ 17,900. ಆರು ಸೀಟು ಮುಗಿಯಿತು. ಏಳನೆಯದು ಅತಿ ಹೆಚ್ಚು ಶೇಷ ಇರುವವರಿಗೆ, ಅಂದರೆ ಎನ್‌ಪಿಪಿಗೆ. ಮೂರು, ಒಂದು ಶೇಷದ್ದು, ಒಂದು ಬೋನಸ್ಸು. ಒಟ್ಟು ಐದು.

ಇಲ್ಲಿ ಎರಡು ಕಡೆ ಕೂದಲೆಳೆಯ ಅಂತರವಿದೆ. ಕೊನೆಯ ಸೀಟು ಯುಎನ್‌ಪಿಯ ಕೈತಪ್ಪಿದ್ದು ಸುಮಾರು 2,900 ಮತಗಳ ಶೇಷದಲ್ಲಿ. ಅದಕ್ಕಿಂತ ದೊಡ್ಡದು ಇನ್ನೊಂದು. ಎಸ್‌ಜೆಬಿ ಮತ್ತು ಯುಎನ್‌ಪಿಯ ಮತಗಳನ್ನು ಕೂಡಿಸಿದರೆ 1,66,300, ಎನ್‌ಪಿಪಿಗಿಂತ ಐದು ಸಾವಿರ ಹೆಚ್ಚು. ಇಬ್ಬರೂ ಒಂದೇ ಪಟ್ಟಿಯಲ್ಲಿದ್ದು ಅಷ್ಟೇ ಮತ ಪಡೆದಿದ್ದರೆ ಬೋನಸ್ ಅವರದಾಗುತ್ತಿತ್ತು, ಶೇಷದ ಸೀಟೂ ಅವರದೇ. ಫಲಿತಾಂಶ ತಿರುಗಿ ಅವರಿಗೆ ಐದು, ಎನ್‌ಪಿಪಿಗೆ ಮೂರು ಆಗುತ್ತಿತ್ತು. ಎಸ್‌ಜೆಬಿಗೆ ಬಿದ್ದ ಸಿಂಹಳ ಮತಗಳೆಲ್ಲ ತೊಂಡಮಾನ್ ಜೊತೆಗಿನ ಪಟ್ಟಿಗೂ ಬೀಳುತ್ತಿದ್ದವು ಎಂದೇನೂ ಹೇಳಲಾಗದು, ನಿಜ. ಬೋನಸ್ ನಿಯಮವೇ ಇಲ್ಲದಿದ್ದರೆ? ಆಗ 4–2–2. ಒಂದೇ ಜನ, ಅದೇ ಮತ. ನಿಯಮ ಅಥವಾ ಮೈತ್ರಿ ಬದಲಾದರೆ ಮರುದಿನದ ಶೀರ್ಷಿಕೆಯೇ ಬದಲಾಗುತ್ತಿತ್ತು.

ಹಾಗಾದರೆ ಮನಸ್ಸು ಬದಲಾಗಲೇ ಇಲ್ಲವೇ? ಬದಲಾಗಿದೆ, ಆದರೆ ಬೇರೆ ರೀತಿಯಲ್ಲಿ. ಸೆಪ್ಟೆಂಬರಿನಲ್ಲಿ ಸಜಿತ್ ಮತ್ತು ರನಿಲ್ ಇಬ್ಬರಿಗೂ ಸೇರಿ ಈ ಜಿಲ್ಲೆಯಲ್ಲಿ ಸುಮಾರು 3.4 ಲಕ್ಷ ಮತ ಬಿದ್ದಿತ್ತು. ನವೆಂಬರಿನಲ್ಲಿ ಅವರ ಪಕ್ಷಗಳಾದ ಎಸ್‌ಜೆಬಿ, ಯುಎನ್‌ಪಿಗಳಿಗೆ ಬಿದ್ದದ್ದು ಅದರ ಅರ್ಧಕ್ಕಿಂತ ಕಡಿಮೆ. ಹೋದ ಸುಮಾರು 1.74 ಲಕ್ಷ ಮತಗಳು ಎಲ್ಲಿ ಹೋದವು? ಎನ್‌ಪಿಪಿ ಮತ ಏರಿದ್ದು 56 ಸಾವಿರದಷ್ಟು. ಸಿಂಧು ಮತಗಳ ಒಟ್ಟು ಸಂಖ್ಯೆಯೇ 80 ಸಾವಿರಕ್ಕೂ ಹೆಚ್ಚು ಇಳಿಯಿತು. ಮಿಕ್ಕದ್ದು ಸಣ್ಣ ಗುಂಪುಗಳ ಪಾಲು. ಒಟ್ಟಿನಲ್ಲಿ ನೋಡಿದರೆ ಹಳೆಯ ಪಾಳೆಯ ಬಿಟ್ಟವರಲ್ಲಿ ದಿಕ್ಸೂಚಿಯ ಕಡೆ ಹೋದವರಿಗಿಂತ ಎಲ್ಲಿಗೂ ಹೋಗದವರ ಲೆಕ್ಕ ದೊಡ್ಡದು. ‘ಅಲೆ’ ಎಂದು ಬರೆದವರು ಈ ಸಾಲನ್ನು ಗಮನಿಸಿದಂತಿಲ್ಲ.

ಸಂಸದರ ಪಟ್ಟಿಯೂ ಇದನ್ನೇ ಹೇಳುತ್ತದೆ. 2020ರಲ್ಲಿ ಈ ಜಿಲ್ಲೆಯ ಎಂಟು ಸಂಸದರಲ್ಲಿ ಐವರು ಮಲೈಯಗ, ಅಂದರೆ ಮಲೆನಾಡಿನ, ತಮಿಳರು. 2024ರಲ್ಲಿ ನಾಲ್ವರು: ಜೀವನ್ ತೊಂಡಮಾನ್, ದಿಗಂಬರಂ, ರಾಧಾಕೃಷ್ಣನ್, ಮತ್ತು ಎನ್‌ಪಿಪಿಯಿಂದ ಕಲೈಚೆಲ್ವಿ ಕೃಷ್ಣನ್. ಬದುಳೆಯ ಅಂಬಿಕಾ ಸ್ಯಾಮ್ಯುಯೆಲ್ ಜೊತೆಗೆ ಸಂಸತ್ತು ಮುಟ್ಟಿದ ಈ ಸಮುದಾಯದ ಮೊದಲ ಮಹಿಳೆಯರಲ್ಲಿ ಕಲೈಚೆಲ್ವಿ ಒಬ್ಬರು. ಟೀ ಎಲೆ ಕೊಯ್ಯುವವರಲ್ಲಿ ಹೆಚ್ಚಿನವರು ಹೆಂಗಸರು, ಅವರ ಹೆಸರಲ್ಲಿ ಮಾತಾಡಿದವರು ಇಷ್ಟು ವರ್ಷ ಗಂಡಸರೇ.

ಸಂಘದ ಹಿಡಿತ ಸಡಿಲಾದದ್ದು

ಇಲ್ಲಿ ಪಕ್ಷ ಎಂದರೆ ಮೂಲತಃ ಕಾರ್ಮಿಕ ಸಂಘ. ತೋಟದ ಸಂಘದ ನಾಯಕ ಹೇಳಿದ ಕಡೆ ಮತ ಬೀಳುತ್ತಿದ್ದುದಕ್ಕೆ ಕಾರಣ, ಕೂಲಿ ಕುದುರಿಸುವವನೂ ಅವನೇ ಆಗಿದ್ದ. 1992ರಲ್ಲಿ ತೋಟಗಳ ಆಡಳಿತ ಖಾಸಗಿ ಕಂಪನಿಗಳಿಗೆ ಹೋದ ಮೇಲೆ ಕಂಪನಿಗಳೂ ಸಂಘಗಳೂ ಸಾಮೂಹಿಕ ಒಪ್ಪಂದದ ಮೂಲಕ ದಿನಗೂಲಿ ನಿಗದಿ ಮಾಡುತ್ತಿದ್ದವು. ಸಾವಿರ ರೂಪಾಯಿ ಕೂಲಿಯ ಹೋರಾಟ ಬಿಗಡಾಯಿಸಿ 2021ರಲ್ಲಿ ವೇತನ ಮಂಡಳಿಯೇ ಆ ಮೊತ್ತ ನಿಗದಿ ಮಾಡಿದಾಗ ಒಪ್ಪಂದದ ಪದ್ಧತಿ ಮುರಿದುಬಿತ್ತು. ಕೂಲಿ ಈಗ ಕೊಲಂಬೊದಲ್ಲಿ ತೀರ್ಮಾನವಾಗುತ್ತದೆ. 2025ರ ನವೆಂಬರಿನ ಬಜೆಟ್ಟಿನಲ್ಲಿ ಅಧ್ಯಕ್ಷರೇ 1,350 ರೂಪಾಯಿ ಕೂಲಿಯನ್ನು 1,550ಕ್ಕೆ ಏರಿಸಿ, ಹಾಜರಾತಿಗೆಂದು ಸರ್ಕಾರದಿಂದ ಇನ್ನೂ 200 ಸೇರಿಸುವುದಾಗಿ ಘೋಷಿಸಿದರು. ಕೊಡುವ ಕೈ ಸರ್ಕಾರದ್ದಾದರೆ ನಡುವಿನ ನಾಯಕನ ಅಗತ್ಯ ಕಡಿಮೆಯಾಗುತ್ತದೆ. ತೋಟದ ಲೈನ್ ಮನೆಯ ಮಕ್ಕಳು ಕೊಲಂಬೊದ ಅಂಗಡಿ, ಹೋಟೆಲುಗಳಲ್ಲಿ ದುಡಿಯಲು ಹೋಗಿರುವುದೂ ಇದಕ್ಕೆ ಸೇರಿಕೊಂಡಿದೆ.

ಎನ್‌ಪಿಪಿ ಕಡೆಯಿಂದಲೂ ಒಂದು ತಿರುವಿದೆ, ಅದನ್ನು ಸಣ್ಣದೆನ್ನಲಾಗದು. ಆ ಮೈತ್ರಿಕೂಟದ ಬೆನ್ನೆಲುಬು ಜೆವಿಪಿ (ಜನತಾ ವಿಮುಕ್ತಿ ಪೆರಮುನ) ಎಂಬ ಎಡಪಕ್ಷ. ತಾನೇ ನಡೆಸಿದ 1971ರ ಸಶಸ್ತ್ರ ದಂಗೆಗೆ ಮುಂಚೆ ಜೆವಿಪಿ ತನ್ನ ಕಾರ್ಯಕರ್ತರಿಗೆ ಕೊಡುತ್ತಿದ್ದ ಐದು ಪಾಠಗಳಲ್ಲಿ ಒಂದು ‘ಭಾರತೀಯ ವಿಸ್ತರಣಾವಾದ’. ತೋಟದ ತಮಿಳರನ್ನು ಅದರ ಸಾಧನವೆಂದೇ ಅಲ್ಲಿ ಕಾಣಲಾಗಿತ್ತು. ಅದೇ ಜೆವಿಪಿ ನೇತೃತ್ವದ ಎನ್‌ಪಿಪಿ 2023ರ ಅಕ್ಟೋಬರಿನಲ್ಲಿ ಹಟ್ಟನ್ ಘೋಷಣೆ ಹೊರಡಿಸಿ, ಮಲೈಯಗ ಜನರ ನೆಲ, ಮನೆ, ಗುರುತಿನ ಹಕ್ಕುಗಳನ್ನು ಒಪ್ಪಿಕೊಂಡಿತು. ಐವತ್ತು ವರ್ಷ ಹಿಡಿಯಿತು, ಆದರೂ ಬಂತು.

ಎದುರುಬದುರು ನಿಂತ ವಾದಗಳು

ಎನ್‌ಪಿಪಿ ವಾದ: ಸಮುದಾಯದ ಹೆಸರಿನ ಪಕ್ಷಗಳು ಯಾವ ಸರ್ಕಾರ ಬಂದರೂ ಮಂತ್ರಿಗಿರಿ ಪಡೆದವು, ಆದರೆ ಜನ ಇನ್ನೂ ಲೈನ್ ಮನೆಯಲ್ಲೇ ಇದ್ದಾರೆ. ರಾಷ್ಟ್ರೀಯ ಪಕ್ಷದೊಳಗೇ ತೋಟದ ಮಕ್ಕಳು ಸಂಸದರಾದರೆ ಚೌಕಾಸಿಯ ಅಗತ್ಯವೇ ಇರುವುದಿಲ್ಲ.

ತೋಟದ ಪಕ್ಷಗಳು ಇದಕ್ಕೆ ಇತಿಹಾಸದಿಂದಲೇ ಉತ್ತರ ಕೊಡುತ್ತವೆ. ದೊಡ್ಡ ಪಕ್ಷದ ಒಳಗಿನ ಸದಸ್ಯ ಪಕ್ಷದ ಸಚೇತಕನ ಮಾತು ಮೀರಲಾರ. ಪೌರತ್ವ ಬಂದದ್ದು ಚೌಕಾಸಿಯಿಂದಲೇ ಹೊರತು ಯಾರ ಔದಾರ್ಯದಿಂದಲೂ ಅಲ್ಲ. ಈ ವಾದದಲ್ಲಿ ತೂಕವಿದೆ. ಚೌಕಾಸಿಯ ಲಾಭ ಎಷ್ಟು ಮಂದಿಗೆ ತಲುಪಿತು ಎಂಬ ಪ್ರಶ್ನೆಗೆ ಮಾತ್ರ ಅದು ತೃಪ್ತಿಕರ ಉತ್ತರ ಕೊಡುವುದಿಲ್ಲ.

ಮೂರನೆಯದು ಕ್ಯಾಂಡಿ ಸೀಮೆಯ ಸಿಂಹಳರ ಹಳೆಯ ಅಳಲು. ಬ್ರಿಟಿಷರು ತಮ್ಮ ಕಾಡು, ಗೋಮಾಳಗಳನ್ನು ಕಿತ್ತುಕೊಂಡು ತೋಟ ಮಾಡಿದರು, ಭೂಮಿಯಿಲ್ಲದವರಾದದ್ದು ತಾವೂ ಹೌದು ಎಂಬುದು. ತೋಟದವರಿಗೆ ಹತ್ತು ಪರ್ಚ್ (ಅಲ್ಲಿನ ಭೂ ಅಳತೆ) ನೆಲ ಎಂಬ ಮಾತು ಬಂದಾಗಲೆಲ್ಲ ವಲಪನೆ, ಹಂಗುರಂಕೆತಗಳಲ್ಲಿ ‘ನಮಗೆಷ್ಟು?’ ಎಂಬ ಪ್ರಶ್ನೆ ಏಳುತ್ತದೆ. 1948ರಲ್ಲಿ ಈ ನೋವನ್ನೇ ಇಂಧನ ಮಾಡಿಕೊಂಡರು. ನೋವು ಸುಳ್ಳಲ್ಲ, ಕೊಟ್ಟ ಮದ್ದು ತಪ್ಪು.

ಮುಂದೆ ಗಡಿಗೆರೆ ಎಳೆಯುವುದು ಯಾರು?

ಸಂಸತ್ತಿಗಿಂತ ಮೊದಲು ಈ ಪ್ರಶ್ನೆ ಎದುರಾಗಬೇಕಾದದ್ದು ಪ್ರಾಂತೀಯ ಮಂಡಳಿಗಳಲ್ಲಿ. ನುವರ ಎಲಿಯ ಸೇರಿರುವ ಮಧ್ಯ ಪ್ರಾಂತ್ಯಕ್ಕೆ ಕೊನೆಯ ಚುನಾವಣೆ ನಡೆದದ್ದು 2013ರ ಸೆಪ್ಟೆಂಬರಿನಲ್ಲಿ. 2017ರ ಕಾಯ್ದೆ ಅರ್ಧ ಕ್ಷೇತ್ರವಾರು, ಅರ್ಧ ಪ್ರಮಾಣಾನುಗುಣ ಎಂಬ ಮಿಶ್ರ ಪದ್ಧತಿ ತಂದಿತು. ಅದಕ್ಕೆ ಹೊಸ ಗಡಿಗಳು ಬೇಕಾದವು. ಗಡಿ ನಿರ್ಣಯ ವರದಿ 2018ರ ಆಗಸ್ಟಿನಲ್ಲಿ ಸಂಸತ್ತಿಗೆ ಬಂದಾಗ ಪರವಾಗಿ ಒಂದು ಮತವೂ ಬೀಳಲಿಲ್ಲ. ಮಂಡಿಸಿದ ಸಚಿವರೇ ವಿರುದ್ಧ ಮತ ಹಾಕಿದರು! ಹಳೆಯ ಪದ್ಧತಿ ಕಾನೂನಿನಲ್ಲಿ ಇಲ್ಲ, ಹೊಸದಕ್ಕೆ ಗಡಿಯಿಲ್ಲ. ಚುನಾವಣೆ ನಡುವೆ ಸಿಕ್ಕಿಕೊಂಡಿತು.

ತೋಟದ ಜನರಿಗೆ ಇದು ತಾಂತ್ರಿಕ ವಿಷಯವಲ್ಲ. ಏಕಸದಸ್ಯ ಕ್ಷೇತ್ರಗಳಿಗೆ ಮರಳಿದರೆ ಹಟ್ಟನ್, ಮಸ್ಕೆಲಿಯ ಸುತ್ತ ಅವರು ಗೆದ್ದಾರು. ಹಳ್ಳಿಗಳ ನಡುವೆ ತೋಟಗಳು ಚದುರಿರುವ ಕೊತ್ಮಲೆ, ವಲಪನೆಗಳಲ್ಲಿ, ಇನ್ನೂ ಚದುರಿರುವ ಬದುಳೆ, ಕ್ಯಾಂಡಿ, ರತ್ನಪುರ ಜಿಲ್ಲೆಗಳಲ್ಲಿ, ಅವರ ಮತ ಬಹುಮಟ್ಟಿಗೆ ಸೋಲುವ ಮತವೇ ಆಗುತ್ತದೆ. ಗೆರೆ ಹೇಗೆ ಎಳೆದರೆ ಏನಾಗುತ್ತದೆ ಎಂಬುದಕ್ಕೆ ಸ್ಥಳೀಯ ಸಂಸ್ಥೆಗಳ ಉದಾಹರಣೆ ಕಣ್ಣೆದುರಿಗಿದೆ. ಅಂಬಗಮುವ ಮತ್ತು ನುವರ ಎಲಿಯ ಎಂಬ ಎರಡೇ ಪ್ರಾದೇಶಿಕ ಸಭೆಗಳಿಗೆ ಒಂದೊಂದಕ್ಕೂ ಎರಡು ಲಕ್ಷದ ಆಸುಪಾಸು ಜನರನ್ನು ತುಂಬಿಡಲಾಗಿತ್ತು. 2018ರ ಚುನಾವಣೆಗೆ ಮುಂಚೆ ಅವನ್ನು ಒಡೆದು ಆರು ಮಾಡಿದರು. ತೋಟದ ನೆಲ ಖಾಸಗಿ ಎಂಬ ಕಾರಣಕ್ಕೆ ಸ್ಥಳೀಯ ಸಭೆ ಅಲ್ಲಿ ರಸ್ತೆ, ನಲ್ಲಿಗೆ ಹಣ ಹಾಕಲು ಇದ್ದ ಕಾನೂನಿನ ಅಡ್ಡಿಯೂ ಅದೇ ವರ್ಷ ಹೋಯಿತು. ಅಲ್ಲಿಯವರೆಗೆ ತೋಟದವನು ಸಭೆಗೆ ಸದಸ್ಯನನ್ನು ಆರಿಸಬಹುದಿತ್ತು, ಆ ಸದಸ್ಯ ಅವನ ಮನೆ ಮುಂದೆ ಚರಂಡಿ ಮಾಡಿಸುವಂತಿರಲಿಲ್ಲ.

ಕಾರ್ಯಕಾರಿ ಅಧ್ಯಕ್ಷ ಪದ್ಧತಿ ತೆಗೆದು ಹೊಸ ಸಂವಿಧಾನ ತರುವುದಾಗಿ ಎನ್‌ಪಿಪಿ ಮಾತು ಕೊಟ್ಟಿದೆ. 225ರಲ್ಲಿ 159 ಸೀಟಿರುವ ಪಕ್ಷಕ್ಕೆ ಸಂಖ್ಯೆಯ ಕೊರತೆಯಿಲ್ಲ. ಚುನಾವಣಾ ಪದ್ಧತಿ ಬದಲಾದರೆ ನುವರ ಎಲಿಯ–ಮಸ್ಕೆಲಿಯ ಮತ್ತೆ ಗೆರೆಯ ಕೆಳಗೆ ಬರುತ್ತದೆ. ಅದನ್ನು ಮೂರು ಏಕಸದಸ್ಯ ಕ್ಷೇತ್ರಗಳಾಗಿ ಸೀಳಬಹುದು, 1977ರಂತೆ ಒಂದಾಗಿಟ್ಟು ಮೂವರನ್ನು ಆರಿಸಬಹುದು, ಅಥವಾ ಜಿಲ್ಲೆಯೇ ಕ್ಷೇತ್ರವಾಗಿ ಉಳಿಯಬಹುದು. ಕರಡು ಹೊರಬಿದ್ದ ದಿನ ಹಟ್ಟನ್ ಪೇಟೆಯ ಸಂಘದ ಕಚೇರಿಗಳಲ್ಲಿ ಮುನ್ನುಡಿಯನ್ನು ಯಾರೂ ಓದಲಾರರು. ‘ಬಹುಸದಸ್ಯ’ ಎಂಬ ಪದ ಅದರಲ್ಲಿದೆಯೇ ಎಂದು ಮೊದಲು ಹುಡುಕುತ್ತಾರೆ.